ನಲವತ್ತಮೂರನೇ ವಯಸ್ಸಿಗೆ ಆರನೇ ಹಂತ

ಬೀಗ ಕೊಂಡರೆ ಅಂಗಡಿಯವರು ಮೂರು ಕೀ ಕೊಡುತ್ತಾರೆ. ಯಾಕೆ ಮೂರು ಎಂದು ನಾನು ಹದಿನಾಲ್ಕು ವರ್ಷ ಯೋಚಿಸಿರಲಿಲ್ಲ. ದೊಡ್ಡಬಳ್ಳಾಪುರದ ಈ ಮಹಡಿ ಮನೆಗೆ ಬಾಡಿಗೆಗೆ ಬಂದ ದಿನ ಕೊಂಡ ಬೀಗ ಅದು. ಒಂದು ಕೀ ನನ್ನ ಜೇಬಿನಲ್ಲಿರುತ್ತಿತ್ತು. ಉಳಿದೆರಡು, ಅಂಗಡಿಯವನು ಸುತ್ತಿಕೊಟ್ಟ ತಂತಿಯಲ್ಲೇ, ಅಡುಗೆಮನೆಯ ಡ್ರಾಯರಿನಲ್ಲಿ ರಬ್ಬರ್ ಬ್ಯಾಂಡು, ತುಂಡು ದಾರ, ಮುಗಿದ ಸೆಲ್ಲುಗಳ ಜೊತೆ ಮಲಗಿದ್ದವು. ಮೊನ್ನೆ ಡ್ರಾಯರು ಒರೆಸಿ ಹೊಸ ಪೇಪರು ಹಾಸುವಾಗ ಆ ತಂತಿ ಸಿಕ್ಕಿತು. ಕೀಗಳಿಲ್ಲ, ಬರೀ ತಂತಿ. ಎಸೆಯಲು ಹೋದವನು ಅಲ್ಲೇ ನೆಲದ ಮೇಲೆ ಕೂತುಬಿಟ್ಟೆ. ಆ ಎರಡು ಕೀಗಳಿಂದ ನನ್ನ ಸಂಸಾರ ಐದೇ ವಾರಕ್ಕೆ ಮುಗಿದುಹೋಗುವುದರಲ್ಲಿತ್ತು.

ನಾನು ಬಿ.ಎಡ್. ಕಾಲೇಜಿನಲ್ಲಿ ಮನೋವಿಜ್ಞಾನ ಪಾಠ ಮಾಡುವವನು. ಮನೋವಿಜ್ಞಾನ ಕಲಿಸುವವರಿಗೆ ಮನಸ್ಸಿನ ವಿಷಯ ಗೊತ್ತಿರುತ್ತದೆ ಎಂದು ಜನ ನಂಬಿದ್ದಾರೆ. ನಂಬಲಿ, ನನಗೇನು ನಷ್ಟ. ಪ್ರತಿ ವರ್ಷ ಎರಡನೇ ಘಟಕದಲ್ಲಿ ಮನುಷ್ಯನ ಮನೋಸಾಮಾಜಿಕ ವಿಕಾಸದ ಎಂಟು ಹಂತಗಳು ಬರುತ್ತವೆ. ಕೂಸಿಗೆ ನಂಬಿಕೆಯೋ ಅಪನಂಬಿಕೆಯೋ ಎಂಬಲ್ಲಿಂದ ಶುರುವಾಗಿ, ಮುದುಕರಿಗೆ ತೃಪ್ತಿಯೋ ಹತಾಶೆಯೋ ಎಂಬಲ್ಲಿಗೆ ಮುಗಿಯುವ ಪಟ್ಟಿ. ಬೋರ್ಡಿನ ಮೇಲೆ ಎಂಟು ಮೆಟ್ಟಿಲು ಬರೆದು, ಒಂದೊಂದರ ಮೇಲೂ ಒಂದು ಕಡ್ಡಿಮನುಷ್ಯನನ್ನು ನಿಲ್ಲಿಸುತ್ತೇನೆ. ಹಾಗೆ ಬರೆಯುತ್ತಿದ್ದಾಗ ಹೋದ ವರ್ಷ ಕಾವ್ಯ ಎಂಬ ಹುಡುಗಿ ಎದ್ದು ನಿಂತಳು.

"ಸಾರ್, ಒಂದು ಹಂತದಲ್ಲಿ ಫೇಲ್ ಆದ್ರೆ?"

"ಫೇಲ್ ಅಂತ ಇಲ್ಲಮ್ಮ. ಆ ಹಂತದಲ್ಲಿ ಬಗೆಹರೀದೆ ಇದ್ದದ್ದು ಮುಂದಿನ ಹಂತಕ್ಕೂ ಜೊತೇಲೇ ಬರುತ್ತೆ."

"ಹಂಗಾದ್ರೆ ಕ್ಯಾರಿ ಓವರ್. ಸಪ್ಲಿಮೆಂಟರಿ ಇರುತ್ತಾ ಸಾರ್?"

ಕ್ಲಾಸೆಲ್ಲ ನಕ್ಕಿತು. ನಾನೂ ನಕ್ಕೆ. ಆದರೆ ಕೈಯಲ್ಲಿದ್ದ ಚಾಕ್ ಎರಡು ತುಂಡಾಗಿತ್ತು. ಆಗ ನಾನು ಬರೆಯುತ್ತಿದ್ದದ್ದು ಆರನೇ ಹಂತ: ಆತ್ಮೀಯತೆಯೋ ಏಕಾಂಗಿತನವೋ. ವಯಸ್ಸು ಸುಮಾರು ಇಪ್ಪತ್ತರಿಂದ ನಲವತ್ತು ಎಂದು ಪುಸ್ತಕ ಹೇಳುತ್ತದೆ. ಆಗ ನನಗೆ ನಲವತ್ತಮೂರು. ಆ "ಸುಮಾರು" ಎಂಬ ಪದವನ್ನು ಹಿಡಿದುಕೊಂಡೇ ಮೂರು ವರ್ಷ ಕಳೆದಿದ್ದೆ. ಅದಕ್ಕಿಂತ ದೊಡ್ಡ ಸಂಗತಿ, ಮುಂದಿನ ತಿಂಗಳು ನನ್ನ ಮದುವೆ ಇತ್ತು. ಕ್ಲಾಸಿನಲ್ಲಿ ಯಾರಿಗೂ ಹೇಳಿರಲಿಲ್ಲ.

ನನ್ನ ಸ್ವಭಾವ ಹೇಳಿಬಿಡುತ್ತೇನೆ, ನಗಬೇಡಿ. ಯಾರಾದರೂ "ಭಾನುವಾರ ನಿಮ್ಮನೆಗೆ ಬರ್ತೀವಿ" ಅಂದರೆ ನಾನು ಗುರುವಾರದಿಂದಲೇ ಗಂಟೆ ಎಣಿಸಲು ಶುರು. ಶನಿವಾರ ಸಂಜೆ ಯಾವುದೋ ನೆಪ ಹುಡುಕಿ, ಭಾನುವಾರ ಬೆಳಗ್ಗೆ ಬೆಂಗಳೂರಿನ ಬಸ್ಸು ಹತ್ತಿ, ಏನೂ ಕೆಲಸವಿಲ್ಲದೆ ಮೆಜೆಸ್ಟಿಕ್ಕಿನಲ್ಲಿ ಸುತ್ತಾಡಿ, ಅವರು ಬಂದು ಹೋಗಿರಬಹುದಾದ ಹೊತ್ತಿಗೆ ವಾಪಸು ಬರುತ್ತಿದ್ದೆ. ಮನೆಯಲ್ಲಿ ಇದ್ದದ್ದು ಎರಡೇ ಲೋಟ, ಒಂದು ನೀರಿಗೆ, ಒಂದು ಕಾಫಿಗೆ. ಹೆಣ್ಣು ನೋಡಲು ಹೋದ ಕಡೆಯಲ್ಲೆಲ್ಲ ಒಂದೇ ದೂರು: ಹುಡುಗ ಒಳ್ಳೆಯವನೇ, ಆದರೆ ತಲೆಯೆತ್ತಿ ನೋಡಲಿಲ್ಲ. ನಾನೇನೋ ಅವರ ನೆಲದ ಟೈಲ್ಸುಗಳನ್ನೆಲ್ಲ ಸರಿಯಾಗಿ ನೋಡಿದ್ದೆ.

ಸರೋಜಳನ್ನು ನೋಡಿದ್ದು ಬಸ್ ಸ್ಟ್ಯಾಂಡಿನ ಪಕ್ಕದ ಹೋಟೆಲಿನಲ್ಲಿ. ಬಾಶೆಟ್ಟಿಹಳ್ಳಿಯ ಒಂದು ಔಷಧಿ ಕಾರ್ಖಾನೆಯಲ್ಲಿ ಪ್ಯಾಕಿಂಗ್ ಲೈನಿನ ಸೂಪರ್‌ವೈಸರ್. ವಯಸ್ಸು ಮೂವತ್ತೆಂಟು. ಹಿಂದೆ ಒಮ್ಮೆ ಮದುವೆಯಾಗಿ ಎರಡೇ ವರ್ಷಕ್ಕೆ ಹೊರಗೆ ಬಂದವಳು. ಮಧ್ಯದವರು ಹೇಳಿದ್ದು ಇಷ್ಟೇ, ಹೆಚ್ಚು ಕೇಳದಿರುವುದೇ ಮರ್ಯಾದೆ ಅಂದುಕೊಂಡಿದ್ದೆ. ಅವಳು ಇಡ್ಲಿ ಮುರಿಯುತ್ತಾ ಅಂದಳು, "ನಾನು ಮಾತು ಜಾಸ್ತಿ, ನೀವು ಕಮ್ಮಿ. ಒಟ್ಟಿಗೆ ಸೇರಿಸಿದ್ರೆ ಸರಿಹೋಗುತ್ತೆ ಅನ್ಸುತ್ತೆ." ನಾನು "ಹೂಂ" ಅಂದೆ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಸಹಿ ಹಾಕಿ ಮದುವೆ ಮುಗಿಯಿತು.

ಮೊದಲ ವಾರಗಳನ್ನು ನೆನೆದರೆ ಈಗಲೂ ಬೆವರುತ್ತೇನೆ. ಮನೆಯಲ್ಲಿ ಇನ್ನೊಬ್ಬರ ಸದ್ದು. ಕಿಟಕಿಯ ಕಟ್ಟೆಯ ಮೇಲೆ ತಲೆಗೆ ಹಾಕುವ ಕ್ಲಿಪ್ಪುಗಳು, ಕೊಬ್ಬರಿ ಎಣ್ಣೆ ಬಾಟಲಿ. ನಾನು ನನ್ನದೇ ಕೋಣೆಗೆ ಬಾಗಿಲು ತಟ್ಟಿ ಹೋಗುತ್ತಿದ್ದೆ. ಫ್ಯಾನ್ ಒಂದು ಪಾಯಿಂಟ್ ಕಡಿಮೆ ಮಾಡಲು ಅನುಮತಿ ಕೇಳುತ್ತಿದ್ದೆ. ಅವಳನ್ನು "ನೀವು" ಎನ್ನುತ್ತಿದ್ದೆ.

"ಪೇರೆಂಟ್ಸ್ ಮೀಟಿಂಗಿಗೆ ಬಂದವರ ಹತ್ರ ಮಾತಾಡ್ದಂಗೆ ಮಾತಾಡ್ತೀರಲ್ರೀ" ಎಂದು ಒಂದು ದಿನ ಅವಳು ನಕ್ಕಳು.

"ಹಾಗೇನಿಲ್ಲ, ನಿಮಗೆ ತೊಂದರೆ ಆಗಬಾರದು ಅಂತ" ಅಂದೆ.

"ನಂಗೆ ತೊಂದರೆ ಆಗ್ಲಿ ಬಿಡಿ ಸ್ವಲ್ಪ" ಅಂದಳು. ನಾನು ನೀರು ಕುಡಿಯಲು ಹೋದೆ.

ಆ ದಿನಗಳಲ್ಲಿ ಅವಳಿಗೆ ಜನರಲ್ ಶಿಫ್ಟು. ಅವಳು ಸಂಜೆ ಆರಕ್ಕೆ ಬರುವಷ್ಟರಲ್ಲಿ ನಾನು ಕಾಲೇಜು ಮುಗಿಸಿ ಬಂದು ಬಾಗಿಲು ತೆಗೆದಿರುತ್ತಿದ್ದೆ. ಹಾಗಾಗಿ ಕೀ ಮಾತೇ ಬರಲಿಲ್ಲ. ಐದನೇ ವಾರ ಒಂದು ಸಂಜೆ ಅವಳು, "ನಾಳೆಯಿಂದ ನಂಗೆ ಫಸ್ಟ್ ಶಿಫ್ಟ್. ಬೆಳಗ್ಗೆ ಐದೂವರೆಗೆ ಹೋದ್ರೆ ಮಧ್ಯಾಹ್ನ ಎರಡೂವರೆಗೆಲ್ಲ ಮನೇಲಿರ್ತೀನಿ" ಅಂದಳು. ನಾನು ತಲೆಯಾಡಿಸಿದೆ. ಅವಳು ಬಟ್ಟೆ ಮಡಚುವಾಗ ನಾನು ಅಡುಗೆಮನೆಗೆ ಹೋಗಿ ಡ್ರಾಯರು ಎಳೆದು ಆ ತಂತಿಯನ್ನು ಕೈಗೆ ತೆಗೆದುಕೊಂಡೆ.

ಇಲ್ಲಿ ನಿಮ್ಮೆದುರು ಸುಳ್ಳು ಹೇಳುವುದಿಲ್ಲ. ನಾನು ಮರೆತಿರಲಿಲ್ಲ. ಆ ಎರಡು ಕೀಗಳನ್ನು ಅಂಗೈ ಮೇಲಿಟ್ಟುಕೊಂಡು ನಿಂತಿದ್ದೆ. ನಾನಿಲ್ಲದಾಗ ಇನ್ನೊಬ್ಬರು ಈ ಬಾಗಿಲು ತೆಗೆದು ಒಳಗೆ ಬರುತ್ತಾರೆ ಎನ್ನುವುದು ಯಾಕೋ ಎದೆಗೆ ಕಲ್ಲಿಟ್ಟ ಹಾಗಾಯಿತು. ಒಳಗೆ ಏನು ಮಹಾ ಇತ್ತು? ಪೇಪರಿನಿಂದ ಕತ್ತರಿಸಿಟ್ಟ ಅಡುಗೆ ಟಿಪ್ಪಣಿಗಳು, ನಿದ್ದೆ ಬಾರದಾಗ ನಾನೇ ನನಗೆ ಧೈರ್ಯ ಹೇಳಿಕೊಂಡು ಬರೆದ ಒಂದು ಡೈರಿ, ಅಸಿಡಿಟಿಯ ಮಾತ್ರೆಗಳು. ಕಳ್ಳ ಬಂದರೂ ಬೇಸರದಿಂದ ವಾಪಸು ಹೋಗುವ ಮನೆ. ಆದರೂ ಕೈ ಮುಂದೆ ಹೋಗಲಿಲ್ಲ. ನಾಳೆ ಕೊಟ್ಟರಾಯಿತು ಎಂದು ಕೀಗಳನ್ನು ಡ್ರಾಯರಿಗೆ ಹಾಕಿ ಮುಚ್ಚಿದೆ. ಬೆಳಗ್ಗೆ ಅವಳು ಹೋದಳು. ಒಂಬತ್ತೂವರೆಗೆ ನಾನು ಬೀಗ ಹಾಕಿ ಹೊರಟೆ.

ಆ ದಿನ, ನಮ್ಮ ವಿದ್ಯಾರ್ಥಿಗಳು ಮಕ್ಕಳಿಗೆ ಪಾಠ ಮಾಡುವ ಅಭ್ಯಾಸ ನೋಡಲು, ಶನಿವಾರವೂ ಪೂರ್ತಿ ದಿನ ನಡೆಯುವ ಒಂದು ಶಾಲೆಗೆ ಹೋಗಿದ್ದೆ. ಫೋನು ಸೈಲೆಂಟಿನಲ್ಲಿತ್ತು. ಐದು ಗಂಟೆಗೆ ಹೊರಗೆ ಬಂದು ನೋಡಿದರೆ ಸರೋಜಳಿಂದ ಆರು ಕರೆ. ಸ್ಕೂಟರು ಓಡಿಸಿಕೊಂಡು ಮನೆಗೆ ಬಂದೆ. ಅವಳು ಮೆಟ್ಟಿಲ ಮೇಲೆ ಊಟದ ಬ್ಯಾಗು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಳು. ಕೆಳಗಿನ ಮನೆಯ ಓನರ್ ಅಜ್ಜಿ ಒಳಗೆ ಬಾ ಎಂದು ಎರಡು ಸಲ ಕರೆದರಂತೆ, ಹೋಗಿರಲಿಲ್ಲ. ಹೋಗಿದ್ದರೆ, ಯಾಕಮ್ಮ ನಿನ್ನ ಹತ್ರ ಕೀ ಇಲ್ವಾ ಎಂದು ಕೇಳುತ್ತಿದ್ದರಲ್ಲ.

ನಾನು ಬಾಗಿಲು ತೆಗೆದೆ. ಅವಳು ಮುಖ ತೊಳೆದುಕೊಂಡು ಬಂದು ಕೇಳಿದ್ದು ಒಂದೇ ಮಾತು.

"ಇದಕ್ಕೆ ಇರೋದು ಒಂದೇ ಕೀನಾ?"

"ಹೂಂ" ಅಂದೆ. "ಇನ್ನೊಂದು ಮಾಡಿಸ್ಬೇಕು."

ಯಾಕೆ ಹಾಗಂದೆನೋ. ನಿನ್ನೆ ಕೊಡಬೇಕಾಗಿತ್ತು, ಕೊಡಲಿಲ್ಲ, ತಪ್ಪಾಯಿತು ಅನ್ನಲು ಬೇಕಾದದ್ದು ಒಂದು ಉಸಿರು. ಆ ಉಸಿರು ಸುಳ್ಳಿಗೆ ಖರ್ಚಾಯಿತು.

ಮರುದಿನ ಭಾನುವಾರ. ನಾನು ಸ್ನಾನ ಮಾಡಿ ಬಂದಾಗ ಅವಳು ಸೀರೆ ಉಟ್ಟು ಬ್ಯಾಗು ಹಿಡಿದು ನಿಂತಿದ್ದಳು. ಹಿಟ್ಟಿನ ಕವರಿಗೆ ರಬ್ಬರ್ ಬ್ಯಾಂಡು ಬೇಕೆಂದು ಡ್ರಾಯರು ತೆಗೆದಿದ್ದಾಳೆ. ಊಟದ ಮೇಜಿನ ಮೇಲೆ ತಂತಿ, ತಂತಿಯಲ್ಲಿ ಎರಡು ಕೀ.

"ಹೊಸಕೋಟೇಲಿ ಅಕ್ಕನ ಮನೆಗೆ ಹೋಗ್ತಿದೀನಿ. ಐದು ದಿನ ರಜೆ ಹಾಕಿದೀನಿ" ಅಂದಳು. ಕೂಗಲಿಲ್ಲ, ಅಳಲಿಲ್ಲ. ಕೂಗಿದ್ದರೆ ನಾನು ಏನಾದರೂ ಹೇಳುತ್ತಿದ್ದೆನೋ ಏನೋ. ಅವಳು ಮೆಟ್ಟಿಲಿಳಿದು ಹೋಗುವ ಚಪ್ಪಲಿಯ ಸದ್ದನ್ನು ಟವೆಲ್ ಹಿಡಿದುಕೊಂಡು ಕೇಳಿದೆ.

ಅಲ್ಲಿಂದ ಮೂರು ದಿನ ನಾನು ಬದುಕಿದ್ದು ಹೇಗೆಂದು ಕೇಳಬೇಡಿ. ಫೋನಿನಲ್ಲಿ ಮೆಸೇಜು ಬರೆಯುವುದು, ಅಳಿಸುವುದು. ಮೊದಲನೆಯದು ಪುಟಗಟ್ಟಲೆ ಉದ್ದವಾಯಿತು, ಮೂರು ಕಾರಣ ಕೊಟ್ಟಿದ್ದೆ, ಉತ್ತರಪತ್ರಿಕೆಯ ಹಾಗಿತ್ತು. ಕೊನೆಯದು "ಊಟ ಆಯ್ತಾ". ಅದನ್ನೂ ಕಳಿಸಲಿಲ್ಲ. ಹೋಗಬೇಕೋ ಬೇಡವೋ? ಹೋದರೆ ಅಕ್ಕನ ಮನೆಯವರು ಏನಂದಾರು? ಹೋಗದಿದ್ದರೆ ಅವಳು ಏನಂದುಕೊಂಡಾಳು? ಎರಡನೇ ದಿನ ಇನ್ನೊಂದು ಯೋಚನೆ ಬಂತು. ಹೇಳಲು ನಾಚಿಕೆಯಾಗುತ್ತದೆ. ಅವಳು ಬರದೇ ಇದ್ದರೆ ಮೊದಲಿನ ಹಾಗೆ ನಿಶ್ಚಿಂತೆಯಿಂದ ಇರಬಹುದಲ್ಲ ಅನ್ನಿಸಿತು. ಹಾಗನ್ನಿಸಿದ ಮೇಲೆ ಊಟದ ತಟ್ಟೆ ಸರಿಸಿ ಎದ್ದುಬಿಟ್ಟೆ.

ನಮ್ಮ ಕಾಲೇಜಿನ ಆಫೀಸಿನಲ್ಲಿ ಅಕ್ರಂ ಸಾಹೇಬರು ಎಂಬವರಿದ್ದಾರೆ, ಸೂಪರಿಂಟೆಂಡೆಂಟು, ಇನ್ನೊಂದು ವರ್ಷಕ್ಕೆ ನಿವೃತ್ತಿ. ಬುಧವಾರ ಅವರು ನನ್ನ ಮೇಜಿನ ಹತ್ತಿರ ಬಂದು ನಿಂತರು.

"ಏನ್ ಸಾರ್, ಎರಡು ದಿನದಿಂದ ಡಬ್ಬಿ ಇಲ್ಲ. ಕ್ಯಾಂಟೀನ್ ಬೋಂಡಾ ತಿಂತಿದೀರ."

ಯಾರಿಗೂ ಏನೂ ಹೇಳದ ನಾನು ಅವರಿಗೆ ಎಲ್ಲ ಹೇಳಿಬಿಟ್ಟೆ. ಅವರು ನಗುತ್ತಾರೆ ಎಂದುಕೊಂಡಿದ್ದೆ. ಕುರ್ಚಿ ಎಳೆದು ಕೂತರು.

"ಅರೆ ಸಾರ್, ನನ್ನ ಕತೆ ಕೇಳಿ. ಮದುವೆ ಆಗಿ ಒಂದು ವರ್ಷ ನಾವಿಬ್ಬರೂ ಮಾತಾಡ್ತಿದ್ದಿದ್ದು ನಮ್ಮ ಅಮ್ಮಿ ಮೂಲಕ. ಅಮ್ಮಿ, ಅವರಿಗೆ ಹೇಳಿ ಚಹಾ ಆಗಿದೆ. ಅಮ್ಮಿ, ಅವಳಿಗೆ ಹೇಳಿ ನನ್ನ ಶರ್ಟ್ ಎಲ್ಲಿ. ಹಂಗೆ. ಒಂದ್ಸಲ ಅಮ್ಮಿ ನೆಂಟರ ಮದುವೆಗೆ ಅಂತ ಕೋಲಾರಕ್ಕೆ ಹೋದ್ರು, ಒಂದು ವಾರ. ಮನೇಲಿ ಯಾರಿದಾರೆ? ಹಿತ್ತಿಲಲ್ಲಿ ಒಂದು ಮೇಕೆ. ಮೊದಲ್ನೇ ದಿನ ನಮ್ಮನೆಯವಳು ಹೊರಗೆ ಬಂದು ಮೇಕೆ ಹತ್ರ ಹೇಳಿದ್ಲು, ಏ ಬಕ್ರಿ, ನಿನ್ ಯಜಮಾನರಿಗೆ ಹೇಳು, ಚಹಾ ಆರಿಹೋಗ್ತಿದೆ ಅಂತ."

"ಆಮೇಲೆ?"

"ಆಮೇಲೇನು, ನಗು ಬಂದ್ಬಿಡ್ತು ಇಬ್ಬರಿಗೂ. ಈಗ ನಿಲ್ಲಿಸು ಅಂದ್ರೂ ನಿಲ್ಲಿಸಲ್ಲ ಅವಳು." ಎದ್ದು ನಿಂತು ಅಂದರು, "ಹೋಗಿ ಸಾರ್. ಫೋನ್ ಮಾತ್ರ ಮಾಡ್ಬೇಡಿ. ಫೋನಲ್ಲಿ ನೀವು ಪಾಠ ಮಾಡ್ಬಿಡ್ತೀರ."

ಮಧ್ಯಾಹ್ನವೇ ರಜೆ ಬರೆದುಕೊಟ್ಟು ಹೊರಟೆ. ದೇವನಹಳ್ಳಿಯಲ್ಲಿ ಬಸ್ಸು ಬದಲಿಸಿ ಹೊಸಕೋಟೆಯ ಬಸ್ಸು ಹತ್ತಿದೆ. ಆ ರಸ್ತೆಯಲ್ಲೇ ನಲ್ಲೂರು ಬರುತ್ತದೆ, ನಾನು ಹುಟ್ಟಿದ ಊರು. ಅಲ್ಲಿನ ಹಳೆಯ ಹುಣಸೆ ತೋಪು ನೋಡಲು ಈಗ ಎಲ್ಲೆಲ್ಲಿಂದಲೋ ಜನ ಬರುತ್ತಾರೆ. ಬಸ್ಸು ತೋಪಿನ ಪಕ್ಕ ಹೋಗುವಾಗ ಯಾವಾಗಲೂ ನಾನು ಇನ್ನೊಂದು ಕಡೆಯ ಕಿಟಕಿ ನೋಡುತ್ತೇನೆ. ಅವತ್ತು ಯಾಕೋ ಆ ಕಡೆಗೇ ನೋಡಿದೆ. ಗಂಟುಗಂಟಾದ ದಪ್ಪ ಬೊಡ್ಡೆಗಳು. ಅದರಲ್ಲಿ ಒಂದರ ಬುಡದಲ್ಲಿ ನಾನು ನಾಲ್ಕು ವರ್ಷ ದಿನಾ ಸಂಜೆ ಕೂತಿದ್ದೆ. ಬಸ್ಸು ಮುಂದೆ ಹೋಯಿತು. ನಾನು ಹಿಂದಿನ ಗಾಜಿನತ್ತ ತಿರುಗಿ ನೋಡುತ್ತಲೇ ಇದ್ದೆ.

ಸರೋಜಳ ಅಕ್ಕ ಪುಟ್ಟಲಕ್ಷ್ಮಿಗೆ ಹೊಸಕೋಟೆ ಮಾರುಕಟ್ಟೆಯಲ್ಲಿ ಸೊಪ್ಪಿನ ವ್ಯಾಪಾರ. ಮನೆಯ ಮುಂದಿನ ಚಪ್ಪಡಿಯ ಮೇಲೆ ಅಕ್ಕತಂಗಿಯರಿಬ್ಬರೂ ಮೆಂತ್ಯದ ಸೊಪ್ಪಿನ ರಾಶಿಯ ಎದುರು ಕೂತಿದ್ದರು. ಸರೋಜ ತಲೆಯೆತ್ತಿ ನೋಡಿ ಮತ್ತೆ ಸೊಪ್ಪಿನ ಕಡೆ ತಿರುಗಿದಳು. ಅಕ್ಕ ಮಾತ್ರ, "ಬನ್ನಿ ಮೇಷ್ಟ್ರೇ" ಅಂದವರು ನನ್ನ ಮಡಿಲಿಗೆ ಒಂದು ಕಟ್ಟು ಹಾಕಿದರು. "ಸುಮ್ನೆ ಕೂತ್ರೆ ನಿಮ್ಗೆ ಮಾತು ಹೊರಡಲ್ಲ. ಸೊಪ್ಪು ಬಿಡಿಸ್ತಾ ಕೂತ್ಕಳಿ. ನಾನು ಕಾಫಿ ಇಡ್ತೀನಿ."

ಎಷ್ಟೋ ಹೊತ್ತು ಇಬ್ಬರೂ ಸೊಪ್ಪು ಬಿಡಿಸಿದೆವು. ನಾನು ಎಲೆಯ ಜೊತೆ ಕಡ್ಡಿಯನ್ನೂ ಹಾಕುತ್ತಿದ್ದೆ, ಅವಳು ಅದನ್ನು ಆರಿಸಿ ತೆಗೆಯುತ್ತಿದ್ದಳು.

"ನಾನು ಮರೆತಿದ್ದಲ್ಲ" ಅಂದೆ ಕೊನೆಗೆ. "ಹಿಂದಿನ ದಿನಾನೇ ಕೀ ಕೈಗೆ ತಗೊಂಡಿದ್ದೆ. ಕೊಡೋಕೆ ಆಗಲಿಲ್ಲ."

"ಯಾಕೆ?"

"ಗೊತ್ತಿಲ್ಲ." ಅಷ್ಟಕ್ಕೇ ನಿಲ್ಲಿಸುವವನಿದ್ದೆ. ಆದರೆ ಬಸ್ಸಿನಲ್ಲಿ ಬಂದ ನೆನಪು ಬಾಯಿಗೇ ಬಂದುಬಿಟ್ಟಿತು. ನಮ್ಮಮ್ಮ ಕೂಲಿಗೆ ಹೋಗುತ್ತಿದ್ದಳು. ಅಪ್ಪ ಇರಲಿಲ್ಲ. ಒಂದು ಸಲ ಮನೆಯಲ್ಲಿ ಏನೋ ಕಳವಾದ ಮೇಲೆ ಅಮ್ಮ ಬೀಗದ ಕೈಯನ್ನು ಸೊಂಟಕ್ಕೆ ಕಟ್ಟಿಕೊಂಡೇ ಹೋಗುತ್ತಿದ್ದಳು, ಯಾರ ಕೈಗೂ ಕೊಡುತ್ತಿರಲಿಲ್ಲ, ನನಗೂ. ಶಾಲೆ ಬಿಟ್ಟ ಮೇಲೆ ತೋಪಿನಲ್ಲಿ ಕೂತು ಕಾಯುತ್ತಿದ್ದೆ. ಹುಣಸೆ ಚಿಗುರು ಅಗಿಯುತ್ತಾ, ದಾರಿಯಲ್ಲಿ ಬರುವ ಹೆಂಗಸರನ್ನು ನೋಡುತ್ತಾ, ಇವತ್ತು ಅಮ್ಮ ಬರದೇ ಹೋದರೆ ಅಂತ. ಅವಳು ಒಂದು ದಿನವೂ ಬರದೇ ಇರಲಿಲ್ಲ. ಆದರೆ ಹೆದರಿಕೆ ಒಂದು ದಿನವೂ ತಪ್ಪಲಿಲ್ಲ. "ಅಷ್ಟೆಲ್ಲ ಕಾದವನು ನಾನೇ ನಿಮ್ಮನ್ನ ಮೆಟ್ಟಿಲ ಮೇಲೆ ಕೂರಿಸಿದೆ" ಅಂದೆ.

ಸರೋಜ ಕೈಯಲ್ಲಿದ್ದ ಕಟ್ಟನ್ನು ಕೆಳಗಿಟ್ಟಳು.

"ಮೊದಲ್ನೇ ಮನೇಲಿ ಏನಾಗಿತ್ತು ಅಂತ ನೀವು ಒಂದ್ಸಲಾನೂ ಕೇಳ್ಲಿಲ್ಲ."

"ಕೇಳಿದ್ರೆ ನಿಮಗೆ ಬೇಜಾರಾಗುತ್ತೆ ಅಂತ..."

"ಜಗಳ ಆದಾಗೆಲ್ಲ ಅವನು ನನ್ನ ಬ್ಯಾಗನ್ನ ಹೊರಗಿಟ್ಟು ಬಾಗಿಲು ಹಾಕೋನು. ಬೀದೀಲಿ ಹೋಗೋರೆಲ್ಲ ನೋಡೋರು. ಅವನಿಗೆ ತೆಗೀಬೇಕು ಅನ್ನಿಸೋವರೆಗೂ ನಾನು ಅಲ್ಲೇ ಕೂತಿರ್ಬೇಕು." ಅವಳ ಧ್ವನಿ ಎಲ್ಲೂ ಏರಲಿಲ್ಲ. "ಮೊನ್ನೆ ಮೆಟ್ಟಿಲ ಮೇಲೆ ಕೂತಾಗ ಮರೆತಿದಾರೆ ಅಂತ ಸಮಾಧಾನ ಮಾಡ್ಕೊಂಡೆ. ಆಮೇಲೆ ಆ ಎರಡು ಕೀ ಸಿಕ್ಕಿದ್ವಲ್ಲ..."

ನಾನು ಹದಿನೆಂಟು ವರ್ಷ ಮನೋವಿಜ್ಞಾನ ಪಾಠ ಮಾಡಿದವನು. ನನ್ನ ಮನೆಯಲ್ಲಿ ಐದು ವಾರ ಇದ್ದ ಹೆಂಗಸಿನ ಬಗ್ಗೆ ಇಷ್ಟು ದೊಡ್ಡ ಸಂಗತಿ ನನಗೆ ಗೊತ್ತಿರಲಿಲ್ಲ. ಕೇಳದೆ ಇದ್ದದ್ದನ್ನು ಮರ್ಯಾದೆ ಎಂದುಕೊಂಡಿದ್ದೆ. ಅದು ಹೆದರಿಕೆಯೇ ಆಗಿತ್ತು. ಅವಳು ಹೇಳಿದರೆ ನಾನೂ ಏನಾದರೂ ಹೇಳಬೇಕಾಗುತ್ತದಲ್ಲ ಎಂಬ ಹೆದರಿಕೆ.

ತಂತಿಯಿಂದ ಬಿಡಿಸಿ ಮೂರು ದಿನದಿಂದ ಜೇಬಿನಲ್ಲಿಟ್ಟುಕೊಂಡಿದ್ದ ಎರಡೂ ಕೀ ತೆಗೆದು ಅವಳ ಮುಂದೆ ಚಪ್ಪಡಿಯ ಮೇಲಿಟ್ಟೆ. ಕ್ಷಮಿಸು ಅನ್ನಲು ಹೋಗಿ, "ಕ್ಷಮಿಸಿ" ಅಂದೆ.

"ಮೊದ್ಲು ಈ ಬನ್ನಿ-ಹೋಗಿ ಬಿಡಿ" ಅಂದಳು. ನಗು ಇನ್ನೂ ಬಂದಿರಲಿಲ್ಲ, ಆದರೆ ದೂರದಲ್ಲೆಲ್ಲೋ ಇತ್ತು. ಕೀ ತೆಗೆದುಕೊಂಡು ಸೆರಗಿನ ತುದಿಗೆ ಗಂಟು ಹಾಕಿಕೊಂಡಳು. "ಇವತ್ತು ಬರಲ್ಲ. ನಾಳೆ ಅಕ್ಕಂಗೆ ಸಂತೆ ಕೆಲಸ ಇದೆ. ನಾಡಿದ್ದು ಬರ್ತೀನಿ. ನೀವು ಬಾಗಿಲು ತೆಕ್ಕೊಂಡು ಕಾಯ್ತಾ ಕೂರ್ಬೇಡಿ, ನಾನೇ ತೆಗ್ದು ಬರ್ತೀನಿ."

ಶುಕ್ರವಾರ ನಾನು ಕಾಲೇಜಿನಿಂದ ಬಂದಾಗ ಮನೆಯ ಬಾಗಿಲು ತೆರೆದಿತ್ತು. ಒಳಗಿನಿಂದ ಒಗ್ಗರಣೆಯ ವಾಸನೆ. ಹೊಸಿಲಲ್ಲಿ ಚಪ್ಪಲಿ ಬಿಟ್ಟು ತೆರೆದ ಬಾಗಿಲನ್ನೇ ತಟ್ಟಿದೆ, ನನ್ನ ಮನೆಗೇ ನಾನು ನೆಂಟನಾಗಿ ಬಂದ ಹಾಗೆ.

ಇಷ್ಟಾದ ಮೇಲೆ ನನ್ನ ಆತಂಕವೆಲ್ಲ ಮಾಯವಾಯಿತು ಎಂದು ಬರೆಯಲು ಆಸೆ. ಆಗಲಿಲ್ಲ. ಈಗ ಮನೆಯಲ್ಲಿ ಆರು ಲೋಟಗಳಿವೆ. ಜಗಳಗಳೂ ಆಗುತ್ತವೆ, ಫ್ಯಾನಿನ ಬಗ್ಗೆ, ಉಪ್ಪಿನ ಬಗ್ಗೆ. ಪ್ರತಿ ಜಗಳದ ನಡುವೆಯೂ ನನ್ನ ಕಣ್ಣು ಅವಳ ಬ್ಯಾಗಿನ ಕಡೆ ಹೋಗುತ್ತದೆ. ಅವಳ ಕಣ್ಣು ಬಾಗಿಲಿನ ಕಡೆ ಹೋಗುವುದನ್ನೂ ನೋಡಿದ್ದೇನೆ. ಮೊದಲೆಲ್ಲ ಯಾರಾದರೂ ಮನೆಗೆ ಬಂದುಬಿಟ್ಟರೆ ಎಂದು ಹೆದರುತ್ತಿದ್ದೆ. ಈಗ ಅವಳು ಬರುವುದು ಹತ್ತು ನಿಮಿಷ ತಡವಾದರೆ ರಸ್ತೆಯ ಕಡೆಯ ಕಿಟಕಿಗೆ ಹೋಗಿ ನಿಲ್ಲುತ್ತೇನೆ.

ಹೋದ ತಿಂಗಳ ಮಾತು. ಮಧ್ಯಾಹ್ನದ ಕ್ಲಾಸು ನಡೆದಿತ್ತು. ತಡವಾಗಿ ಬಂದ ಒಬ್ಬ ವಿದ್ಯಾರ್ಥಿ ಬಾಗಿಲಲ್ಲಿ ನಿಂತು, "ಸಾರ್, ಬಾಶೆಟ್ಟಿಹಳ್ಳಿ ಹತ್ರ ಕಂಪನಿ ಬಸ್ಸು ಮಗುಚಿಕೊಂಡಿದ್ಯಂತೆ, ಫುಲ್ ಜಾಮು" ಅಂದ. ಸರೋಜ ಆ ವಾರ ಫಸ್ಟ್ ಶಿಫ್ಟು. ಬಿಡುವ ಹೊತ್ತು. ಫೋನು ಮಾಡಿದೆ. ಕೆಲಸದ ಹೊತ್ತಿನಲ್ಲಿ ಅವರ ಫೋನುಗಳೆಲ್ಲ ಲಾಕರಿನಲ್ಲಿರುತ್ತವೆ, ನನಗೆ ಗೊತ್ತು. ಗೊತ್ತಿದ್ದೂ ಮೂರು ಸಲ ಮಾಡಿದೆ. ಆಮೇಲೆ "ಓದ್ಕೊಳ್ಳಿ" ಎಂದು ಹೇಳಿ, ಪುಸ್ತಕ ಮೇಜಿನ ಮೇಲೆ ಬಿಟ್ಟು, ಸ್ಕೂಟರು ಹತ್ತಿದೆ.

ಮಗುಚಿದ್ದು ಬಸ್ಸಲ್ಲ, ಹುಲ್ಲಿನ ಲೋಡಿನ ಲಾರಿ. ಯಾರಿಗೂ ಏನೂ ಆಗಿರಲಿಲ್ಲ. ಎರಡು ಹಸುಗಳು ರಸ್ತೆಯ ಮಧ್ಯೆ ನಿಂತು ಆರಾಮಾಗಿ ಮೇಯುತ್ತಿದ್ದವು. ಅಲ್ಲಿಂದಲೇ ತಿರುಗಬಹುದಿತ್ತು. ತಿರುಗಲಿಲ್ಲ. ಕಾರ್ಖಾನೆಯ ಗೇಟಿಗೆ ಹೋಗಿ ನಿಂತೆ. ಸೈರನ್ ಕೂಗಿತು. ನೂರಾರು ಹೆಂಗಸರು ಹೊರಗೆ ಬಂದರು, ಎಲ್ಲರ ಹಣೆಯ ಮೇಲೂ ಟೋಪಿಯ ಎಲಾಸ್ಟಿಕ್ಕಿನ ಕೆಂಪು ಗುರುತು. ಅಷ್ಟು ಜನರಲ್ಲಿ ನನಗೆ ನನ್ನ ಹೆಂಡತಿ ಕಾಣಲಿಲ್ಲ. ಅವಳಿಗೇ ನಾನು ಕಂಡೆ.

"ಏನ್ರೀ ಇದು? ಕ್ಲಾಸಿಲ್ವಾ?"

"ಇದೆ."

"ಮತ್ತೆ?"

ಈ ಕಡೆ ಏನೋ ಕೆಲಸವಿತ್ತು ಅನ್ನಬಹುದಿತ್ತು. ಅವಳ ಹಿಂದೆ ಗೆಳತಿಯರು ನಾಲ್ಕು ಜನ ನಿಂತು ನನ್ನನ್ನೇ ನೋಡುತ್ತಿದ್ದರು.

"ಬಸ್ಸು ಬಿತ್ತು ಅಂದ್ರು. ನಿಂಗೆ ಏನೋ ಆಯ್ತು ಅಂತ ಭಯ ಆಯ್ತು" ಅಂದೆ.

ಅವಳು ಒಂದು ಕ್ಷಣ ನನ್ನ ಮುಖ ನೋಡಿ ಗೆಳತಿಯರ ಕಡೆ ತಿರುಗಿದಳು. "ನಮ್ಮನೆಯವ್ರು. ಪಾಠ ಬಿಟ್ಟು ಓಡ್ಬಂದಿದಾರೆ ನೋಡ್ರೇ." ಅದರಲ್ಲಿ ವಯಸ್ಸಾದ ಒಬ್ಬಾಕೆ, "ನಮ್ಮೋರು ಹೆರಿಗೆ ಆದಾಗ್ಲೇ ಆಸ್ಪತ್ರೆಗೆ ಬರ್ಲಿಲ್ಲ ಕಣಮ್ಮ" ಅಂದರು. ಎಲ್ಲರೂ ಜೋರಾಗಿ ನಕ್ಕರು. ನನ್ನ ಕಿವಿ ಬಿಸಿಯಾಯಿತು.

ಸರೋಜ ಸ್ಕೂಟರಿನ ಹ್ಯಾಂಡಲ್ ಮೇಲಿದ್ದ ನನ್ನ ಕೈ ಮುಟ್ಟಿ ನೋಡಿದಳು. "ನಡುಗ್ತಿದೆ. ಇಳೀರಿ, ಹಿಂದೆ ಕೂತ್ಕೊಳ್ಳಿ. ನಾನು ಓಡಿಸ್ತೀನಿ."

ಹಸುಗಳ ಪಕ್ಕದಿಂದ ಸಾಗಿ, ಹುಲ್ಲಿನ ಮೇಲೆ ಹಾದು, ಅವಳು ಸೀದಾ ಕಾಲೇಜಿನ ಒಳಗೇ ಸ್ಕೂಟರು ತಂದು ನಿಲ್ಲಿಸಿದಳು. ದಾರಿಯುದ್ದಕ್ಕೂ ನಾನು ಎರಡೂ ಕೈಯಲ್ಲಿ ಅವಳ ಹೆಗಲು ಹಿಡಿದುಕೊಂಡಿದ್ದೆ. ತಲೆಯೆತ್ತಿ ನೋಡಿದರೆ, ಓದಿಕೊಳ್ಳಿ ಎಂದು ಬಿಟ್ಟುಹೋಗಿದ್ದ ಇಡೀ ಕ್ಲಾಸು ಮೇಲಿನ ಕಿಟಕಿಗಳಲ್ಲಿ ನಿಂತಿತ್ತು. ಕೈ ತೆಗೆಯಬೇಕು ಅನ್ನಿಸಿತು. ತೆಗೆಯಲಿಲ್ಲ.